ಆಕಾಶವಾಣಿ: ಒಂದು ಪದ, ಮುಚ್ಚಿಹೋದ ಒಂದು ನಿಲಯ

ಕನ್ನಡ ಸಾಹಿತ್ಯದ ಸಂಶೋಧನ ಪ್ರಬಂಧಗಳಲ್ಲಿ ಬಾನುಲಿಯ ಪ್ರಸ್ತಾಪ ಬಂದಾಗಲೆಲ್ಲ ಒಂದೇ ವಾಕ್ಯ ಎದುರಾಗುತ್ತದೆ. 1935ರಲ್ಲಿ ಮೈಸೂರಿನಲ್ಲಿ ಡಾ. ಎಂ. ವಿ. ಗೋಪಾಲಸ್ವಾಮಿಯವರು ಬಾನುಲಿ ಕೇಂದ್ರವೊಂದನ್ನು ಆರಂಭಿಸಿದರು, ‘ಆಕಾಶವಾಣಿ’ ಎಂಬ ಹೆಸರು ಅಲ್ಲಿಂದ ಬಂದಿತು ಎಂಬುದೇ ಆ ವಾಕ್ಯ. ಅಷ್ಟು ಹೇಳಿ ಪ್ರಬಂಧಕಾರರು ಮುಂದಿನ ಅಧ್ಯಾಯಕ್ಕೆ ಸಾಗುತ್ತಾರೆ. ಆ ನಿಲಯ ಎಷ್ಟು ಕಾಲ ನಡೆಯಿತು, ಯಾವಾಗ ಮುಚ್ಚಿತು, ಅಲ್ಲಿ ಆಡಿದ ಮಾತು ಏನಾಯಿತು ಎಂದು ಕೇಳುವವರು ವಿರಳ. ಈ ನಿಲಯದ ಚರಿತ್ರೆ ಸಮೂಹಮಾಧ್ಯಮದ ವಿದ್ಯಾರ್ಥಿಗಳಿಗೆ ಬಿಟ್ಟುಕೊಡತಕ್ಕ ವಿಷಯವಲ್ಲ, ಅದು ಕನ್ನಡ ಸಾಹಿತ್ಯಚರಿತ್ರೆಯ ಒಂದು ಪುಟ ಎಂಬುದು ನನ್ನ ಅಭಿಪ್ರಾಯ. ಆ ಪುಟವನ್ನು ನಾವು ಬರೆಯದೆ ಬಿಟ್ಟಿದ್ದೇವೆ.

ಬಸವನ ಬಾಗೇವಾಡಿಯವನಾದ ನಾನು ಮೈಸೂರಿನ ನಿಲಯವೊಂದರ ಕುರಿತು ಬರೆಯುವುದು ವಿಚಿತ್ರವೆನಿಸಬಹುದು. ನಮ್ಮೂರಿಗೂ ಮೈಸೂರಿಗೂ ಸುಮಾರು 480 ಕಿಲೋಮೀಟರ್ ಅಂತರ. ಆ ಪುಟ್ಟ ನಿಲಯದ ಹಗಲಿನ ಧ್ವನಿ ಡೋಣಿ ನದಿಯ ಈ ಬಯಲಿಗೆ ತಲುಪುವ ಸಾಧ್ಯತೆಯೇ ಇರಲಿಲ್ಲ. ಆದರೆ ಅದರ ಹೆಸರು ತಲುಪಿತು. ನಮ್ಮ ಹಿರಿಯರು ಯಂತ್ರವನ್ನು ‘ರೇಡಿಯೊ’ ಎಂದರೂ ಅದರೊಳಗಿನಿಂದ ಬರುವ ಮಾತನ್ನು ‘ಆಕಾಶವಾಣಿ’ ಎಂದೇ ಕರೆದರು. ಧ್ವನಿ ಬಾರದ ಊರಿಗೂ ಪದ ಬಂದು ನೆಲೆಸಿತೆಂಬುದೇ ಈ ಲೇಖನಕ್ಕೆ ಪ್ರೇರಣೆ.

ಮೊದಲು ಸಂಗತಿಗಳನ್ನು ಕ್ರಮವಾಗಿ ನೋಡೋಣ. ಭಾರತದಲ್ಲಿ ವ್ಯವಸ್ಥಿತ ಬಾನುಲಿ ಪ್ರಸಾರವನ್ನು ಕೈಗೊಂಡದ್ದು ಒಂದು ಖಾಸಗಿ ಕಂಪನಿ. 1927ರ ಜುಲೈಯಲ್ಲಿ ಮುಂಬಯಿಯಲ್ಲಿ, ಆಗಸ್ಟಿನಲ್ಲಿ ಕಲ್ಕತ್ತೆಯಲ್ಲಿ ಅದರ ನಿಲಯಗಳು ಆರಂಭವಾದವು. 1930ರಲ್ಲಿ ಆ ಕಂಪನಿ ದಿವಾಳಿಯಾಯಿತು. ನಿಲಯಗಳು ಸರ್ಕಾರದ ಕೈಸೇರಿದವು. ಮುಂದೆ 1936ರ ಜೂನ್‌ನಲ್ಲಿ ಆ ಸರ್ಕಾರಿ ಸೇವೆಗೆ ‘ಆಲ್ ಇಂಡಿಯಾ ರೇಡಿಯೊ’ ಎಂಬ ಹೆಸರಾಯಿತು. ಈ ಹೆಸರು ಹುಟ್ಟುವುದಕ್ಕೂ ಮೊದಲೇ, 1935ರ ಸೆಪ್ಟೆಂಬರ್ 10ರಂದು, ಮಹಾರಾಜಾ ಕಾಲೇಜಿನ ಮನಶ್ಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಗೋಪಾಲಸ್ವಾಮಿಯವರು ಮೈಸೂರಿನ ತಮ್ಮ ಮನೆ ‘ವಿಠ್ಠಲ ವಿಹಾರ’ದಿಂದ ಪ್ರಸಾರವನ್ನು ಆರಂಭಿಸಿದರು. ಮೊದಲ ಪ್ರೇಷಕಯಂತ್ರದ ಶಕ್ತಿ ಕೇವಲ 30 ವ್ಯಾಟ್ ಎನ್ನುತ್ತಾರೆ, ಅಂದರೆ ಓದುವ ಕೋಣೆಯ ಒಂದು ದೀಪಕ್ಕೆ ಸಾಲುವಷ್ಟು ವಿದ್ಯುತ್ತು. ಅನಂತರ 250 ವ್ಯಾಟ್‌ನ ಯಂತ್ರ ಬಂದಿತು. ಒಬ್ಬ ಅಧ್ಯಾಪಕನ ಆಸಕ್ತಿಯಿಂದ ಮೊದಲಾದ ಸಾಹಸವು ಊರಿನ ನೆರವಿನಿಂದ ಬೆಳೆದು, 1940ರ ದಶಕದ ಆರಂಭದಲ್ಲಿ ಮೈಸೂರು ಸಂಸ್ಥಾನದ ಆಡಳಿತಕ್ಕೆ ಸೇರಿತು. 1950ರ ಏಪ್ರಿಲ್ 1ರಂದು ಅದು ಭಾರತ ಸರ್ಕಾರದ ನಿಲಯವಾಯಿತು. 1955ರ ನವೆಂಬರ್ 2ರಂದು ನಿಲಯವನ್ನು ಬೆಂಗಳೂರಿಗೆ ವರ್ಗಾಯಿಸಲಾಯಿತು. ಮೈಸೂರಿನ ಧ್ವನಿ ನಿಂತುಹೋಯಿತು. ಮೈಸೂರಿಗೆ ಮತ್ತೆ ನಿಲಯ ದೊರೆತದ್ದು 1974ರ ನವೆಂಬರ್ 14ರಂದು. ನಡುವೆ 19 ವರ್ಷಗಳ ಮೌನ. ಈಗಿನ ಮೈಸೂರು ನಿಲಯ ಹಳೆಯದರ ಹೆಸರನ್ನೂ ಕೀರ್ತಿಯನ್ನೂ ಹೊತ್ತಿದೆ. ಆದರೆ ವಿಠ್ಠಲ ವಿಹಾರದಲ್ಲಿ ಹುಟ್ಟಿದ ನಿಲಯ 1955ರಲ್ಲೇ ಮುಗಿಯಿತೆಂದು ತಿಳಿಯುವುದು ಚರಿತ್ರೆಗೆ ನ್ಯಾಯ.

ಇನ್ನು ಪದದ ವಿಚಾರ. ‘ಆಕಾಶವಾಣಿ’ ಎಂಬ ಹೆಸರನ್ನು ಇಟ್ಟವರು ಗೋಪಾಲಸ್ವಾಮಿಯವರೆಂದು ಕೆಲವರು, ಆ ನಿಲಯದಲ್ಲಿ ದುಡಿದ ನಾ. ಕಸ್ತೂರಿಯವರೆಂದು ಕೆಲವರು ವಾದಿಸುತ್ತಾರೆ. ರವೀಂದ್ರನಾಥ ಠಾಕೂರರ ಹೆಸರನ್ನು ಮುಂದೆಮಾಡುವವರೂ ಉಂಟು. ಆದರೆ ಠಾಕೂರರು ಕಲ್ಕತ್ತೆಯ ನಿಲಯಕ್ಕಾಗಿ ಬರೆದ ಕವಿತೆ ಮೈಸೂರಿನ ಆರಂಭಕ್ಕಿಂತ ಈಚಿನದು. ಕಸ್ತೂರಿಯವರ ಮನೆಮಾತು ಮಲಯಾಳ. ಕನ್ನಡದಲ್ಲಿ ‘ಅನರ್ಥಕೋಶ’ವನ್ನು ರಚಿಸಿ ಶಬ್ದಗಳ ಒಳಮುಖವನ್ನು ತೋರಿ ನಗಿಸಿದವರು. ಅಂಥವರಿಗೆ ಇಂಥ ಪದ ಹೊಳೆದಿದ್ದರೆ ಆಶ್ಚರ್ಯವಿಲ್ಲ. ಆದರೂ ಈ ವಾದದಲ್ಲಿ ಪ್ರಶ್ನೆಯನ್ನೇ ನಾವು ತಪ್ಪಾಗಿ ಕೇಳುತ್ತಿದ್ದೇವೆಂದು ನನಗೆ ತೋರುತ್ತದೆ. ಪದವನ್ನು ಯಾರೂ ಟಂಕಿಸಲಿಲ್ಲ. ಅದು ಮೊದಲೇ ಇತ್ತು. ಅದಕ್ಕೊಂದು ಹೊಸ ಕೆಲಸವನ್ನು ಕೊಟ್ಟದ್ದಷ್ಟೇ 1935ರ ಸಾಧನೆ, ಮತ್ತು ಅದು ಕಡಿಮೆಯದಲ್ಲ.

ನಮ್ಮ ಕಾವ್ಯಗಳಲ್ಲಿ ಅಶರೀರವಾಣಿಗೆ ದೀರ್ಘ ಪರಂಪರೆಯಿದೆ. ದೇವಕಿಯ ಎಂಟನೆಯ ಮಗು ನಿನ್ನ ಮೃತ್ಯುವೆಂದು ಕಂಸನಿಗೆ ತಿಳಿಸುವುದು ಅದೇ. ಮಹಾಭಾರತದಲ್ಲಿ ದುಷ್ಯಂತನಿಗೆ ಮಗನನ್ನು ಸ್ವೀಕರಿಸೆಂದು ಹೇಳುವುದೂ ಅದೇ. ಕಾಳಿದಾಸನ ನಾಟಕದಲ್ಲಿ ಕಣ್ವರಿಗೆ ಶಕುಂತಲೆಯ ವೃತ್ತಾಂತವನ್ನು ಅರುಹುವುದೂ ಒಡಲಿಲ್ಲದ ಒಂದು ನುಡಿ. ಈ ಎಲ್ಲ ಸಂದರ್ಭಗಳಲ್ಲೂ ಎರಡು ಲಕ್ಷಣಗಳು ಸಮಾನ. ಮಾತಾಡುವವನು ಕಾಣುವುದಿಲ್ಲ, ಆಡಿದ ಮಾತನ್ನು ಯಾರೂ ಪ್ರಶ್ನಿಸುವುದಿಲ್ಲ. ಸಂಸ್ಕೃತ ರೂಪಕಗಳಲ್ಲಿ ಇದಕ್ಕೆ ಹತ್ತಿರದ, ಆದರೆ ಬೇರೆಯೇ ಆದ ‘ಆಕಾಶಭಾಷಿತ’ವೆಂಬ ತಂತ್ರವೊಂದಿದೆ. ರಂಗದ ಮೇಲೆ ಒಬ್ಬನೇ ಪಾತ್ರಧಾರಿ, ಎದುರಿಗೆ ಇಲ್ಲದವನೊಡನೆ ಸಂಭಾಷಿಸುತ್ತಾನೆ. ಆ ಕಾಣದವನ ಪ್ರಶ್ನೆಯನ್ನು ‘ಏನೆನ್ನುತ್ತೀಯೆ?’ ಎಂದು ತಾನೇ ಕೇಳಿಸಿಕೊಂಡು ಉತ್ತರಿಸುತ್ತಾನೆ. ಭಾಣವೆಂಬ ಏಕಪಾತ್ರ ರೂಪಕ ನಿಂತಿರುವುದೇ ಈ ತಂತ್ರದ ಮೇಲೆ.

ಬಾನುಲಿಯಲ್ಲಿ ಈ ಎರಡೂ ಕೂಡಿಕೊಂಡವು. ಕೇಳುಗನ ಪಾಲಿಗೆ ಅದು ಅಶರೀರವಾಣಿ. ಧ್ವನಿಗ್ರಾಹಕದ ಮುಂದೆ ಕುಳಿತು, ಕಾಣದ ಕೇಳುಗನ ಸಂದೇಹಗಳನ್ನು ತಾನೇ ಊಹಿಸಿ ಸಮಾಧಾನ ಹೇಳುವ ಭಾಷಣಕಾರನ ಪಾಲಿಗೆ ಅದು ಆಕಾಶಭಾಷಿತ. ಕನ್ನಡ ಗದ್ಯಕ್ಕೆ ಇದರಿಂದಾದ ಲಾಭವನ್ನು ನಾವು ಇನ್ನೂ ಲೆಕ್ಕಹಾಕಿಲ್ಲ. ಸಭೆಯ ಭಾಷಣಕ್ಕೆ ಗುಂಪು ಬೇಕು. ಗ್ರಂಥಕ್ಕೆ ಪುಟ ತಿರುವಿ ಹಿಂದೆ ನೋಡಬಲ್ಲ ಓದುಗ ಬೇಕು. ಬಾನುಲಿಯ ಮಾತಿಗೆ ಎರಡೂ ಇಲ್ಲ. ಒಮ್ಮೆ ಕೇಳಿದೊಡನೆ ತಿಳಿಯಬೇಕು, ಮನೆಯ ಜಗುಲಿಯಲ್ಲಿ ಕುಳಿತ ಒಬ್ಬನಿಗೆ ಹೇಳಿದಂತಿರಬೇಕು, ಗೊತ್ತಾದ ನಿಮಿಷಗಳಲ್ಲಿ ಮುಗಿಯಬೇಕು. ಈ ಮೂರು ಕಟ್ಟುಪಾಡುಗಳಲ್ಲಿ ಪಳಗಿದ ಲೇಖಕರ ವಾಕ್ಯ ಚಿಕ್ಕದಾಯಿತು, ದನಿ ತಗ್ಗಿತು. ಲಲಿತಪ್ರಬಂಧ, ಚಿಂತನ, ಶ್ರವ್ಯನಾಟಕ, ಗೀತರೂಪಕ ಮುಂತಾದ ಪ್ರಕಾರಗಳ ಬೆಳವಣಿಗೆಯನ್ನು ವಿವೇಚಿಸುವಾಗ ಪತ್ರಿಕೆಗಳ ಪಾತ್ರವನ್ನು ಹೇಳುತ್ತೇವೆ, ನಿಲಯಗಳ ಪಾತ್ರವನ್ನು ಅಡಿಟಿಪ್ಪಣಿಗೆ ತಳ್ಳುತ್ತೇವೆ. ಇದು ಸರಿಯಲ್ಲ.

‘ಬಾನುಲಿ’ ಎಂಬ ಅಚ್ಚಗನ್ನಡ ಪದವನ್ನೂ ಇಲ್ಲಿಯೇ ಗಮನಿಸಬೇಕು. ಬಾನ್, ಉಲಿ ಎರಡೂ ಹಳಗನ್ನಡದ ಶಬ್ದಗಳೇ. ಹೊಸ ಯಂತ್ರದ ಮುಂದೆ ಅವು ಕೂಡಿಕೊಂಡವು. ಬರೆಯುವವರು ಬಾನುಲಿ ಎಂದರು, ನಿಲಯ ತನ್ನನ್ನು ಆಕಾಶವಾಣಿ ಎಂದಿತು, ಜನ ರೇಡಿಯೊ ಎಂದರು. ಒಂದೇ ವಸ್ತುವಿಗೆ ದೇಸಿ, ಮಾರ್ಗ, ಅನ್ಯದೇಶ್ಯ ಮೂರೂ ಹೆಸರುಗಳು ಏಕಕಾಲದಲ್ಲಿ ಬಾಳಿದ ಇಂಥ ಉದಾಹರಣೆ ಶಬ್ದಾರ್ಥದ ವಿದ್ಯಾರ್ಥಿಗೆ ಸುಲಭವಾಗಿ ಸಿಕ್ಕುವುದಿಲ್ಲ.

ಈಗ ಭೂಪಟದ ಕಡೆಗೆ ತಿರುಗೋಣ. 1947ರಲ್ಲಿ ದೇಶ ವಿಭಜನೆಯಾದಾಗ ಭಾರತದ ಪಾಲಿಗೆ ಬಂದ ಸರ್ಕಾರಿ ನಿಲಯಗಳು ಆರು: ದೆಹಲಿ, ಮುಂಬಯಿ, ಕಲ್ಕತ್ತ, ಮದರಾಸು, ತಿರುಚಿರಾಪಳ್ಳಿ, ಲಖನೌ. ಸಂಸ್ಥಾನಗಳಲ್ಲಿ ಇದ್ದವು ಐದು: ಮೈಸೂರು, ತಿರುವನಂತಪುರ, ಹೈದರಾಬಾದು, ಔರಂಗಾಬಾದು, ಬಡೋದೆ. ಈ ಹನ್ನೊಂದರಲ್ಲಿ ಕನ್ನಡ ನೆಲದ ಮೇಲಿದ್ದುದು ಮೈಸೂರಿನದೊಂದೇ. ಹಾಗಾದರೆ ಮುಂಬಯಿ ಪ್ರಾಂತಕ್ಕೆ ಸೇರಿದ್ದ ವಿಜಾಪುರ, ಧಾರವಾಡ, ಬೆಳಗಾವಿ, ಉತ್ತರ ಕನ್ನಡ ಜಿಲ್ಲೆಗಳ ಕನ್ನಡಿಗರಿಗೆ ತಮ್ಮ ನೆಲದಿಂದ ಹೊಮ್ಮುವ ಧ್ವನಿ ಇರಲಿಲ್ಲ. ಕವಿರಾಜಮಾರ್ಗಕಾರನು ತಿರುಳ್ಗನ್ನಡದ ನಾಡನ್ನು ಗುರುತಿಸುವಾಗ ಹೆಸರಿಸಿದ ಕಿಸುವೊಳಲು, ಕೊಪಣ, ಪುಲಿಗೆರೆ, ಒಕ್ಕುಂದಗಳನ್ನು ನೆನೆಯಿರಿ. ಆ ನಾಲ್ಕು ನೆಲೆಗಳೂ ಇರುವುದು ಉತ್ತರದಲ್ಲಿಯೇ. ಕಿಸುವೊಳಲೆಂದರೆ ಪಟ್ಟದಕಲ್ಲು, ನಮ್ಮೂರಿನ ದಕ್ಷಿಣಕ್ಕೆ, ಕೃಷ್ಣೆಯನ್ನು ದಾಟಿದರೆ ದೂರವಿಲ್ಲ. ಒಂಬತ್ತನೆಯ ಶತಮಾನದಲ್ಲಿ ಕನ್ನಡದ ತಿರುಳೆನಿಸಿಕೊಂಡ ನಾಡು ಇಪ್ಪತ್ತನೆಯ ಶತಮಾನದ ಮಧ್ಯದವರೆಗೂ ಬಾನಿನಲ್ಲಿ ಮೂಕವಾಗಿತ್ತು.

1950ರ ಜನವರಿ 8ರಂದು ಧಾರವಾಡ ನಿಲಯ ಆರಂಭವಾದಾಗ ಆ ಮೂಕತನ ಮುರಿಯಿತು. ಬೇಂದ್ರೆಯವರು ಮುಂದೆ ಅದರ ಸಾಹಿತ್ಯ ಸಲಹೆಗಾರರಾದರು. ಎನ್ಕೆಯವರು ಅಲ್ಲಿ ಸೇವೆ ಸಲ್ಲಿಸಿದರು. ಮಲ್ಲಿಕಾರ್ಜುನ ಮನ್ಸೂರರು ಸಂಗೀತ ಸಲಹೆಗಾರರಾಗಿದ್ದರು. ಆದರೂ ಅಂಚಿನ ತಾಲೂಕುಗಳು ಅಂಚಿನಲ್ಲೇ ಉಳಿದವು. 1956ರಲ್ಲಿ ಯುನೆಸ್ಕೊ ನೆರವಿನೊಡನೆ ಪುಣೆ ನಿಲಯದಿಂದ ಗ್ರಾಮೀಣ ಬಾನುಲಿ ವೇದಿಕೆಯ ಪ್ರಸಿದ್ಧ ಪ್ರಯೋಗ ನಡೆಯಿತು. 150 ಹಳ್ಳಿಗಳಲ್ಲಿ ರೈತರು ಗುಂಪಾಗಿ ಕುಳಿತು ಕೇಳಿ, ಚರ್ಚಿಸಿ, ನಿಲಯಕ್ಕೆ ಪ್ರಶ್ನೆ ಕಳುಹಿಸಿದರು. ಆಗ ವಿಜಾಪುರ ಜಿಲ್ಲೆಯೂ ಅದೇ ಮುಂಬಯಿ ರಾಜ್ಯದಲ್ಲಿತ್ತು. ಆದರೆ ಆಯ್ದ ಐದು ಜಿಲ್ಲೆಗಳು ಮರಾಠಿಯವು. ಅದೇ ವರ್ಷದ ನವೆಂಬರಿನಲ್ಲಿ ರಾಜ್ಯ ಪುನರ್ವಿಂಗಡಣೆಯಾಗಿ ನಾವು ಮೈಸೂರು ರಾಜ್ಯಕ್ಕೆ ಸೇರಿದೆವು. ಹೊಸ ರಾಜ್ಯಕ್ಕೆ ಮೈಸೂರಿನ ಹೆಸರಿತ್ತು. ಮೈಸೂರಿನ ನಿಲಯ ಮಾತ್ರ ಒಂದು ವರ್ಷದ ಹಿಂದೆಯೇ ಮುಚ್ಚಿತ್ತು.

ನಮ್ಮ ಬಾಲ್ಯದ ಬಾಗೇವಾಡಿಯಲ್ಲಿ ಕೇಳುವುದೆಂದರೆ ಮೂರು ದಿಕ್ಕುಗಳ ನಡುವೆ ಮುಳ್ಳನ್ನು ಹೊರಳಿಸುವುದಾಗಿತ್ತು. ನೈರುತ್ಯಕ್ಕೆ 160 ಕಿಲೋಮೀಟರ್ ದೂರದ ಧಾರವಾಡ; ಈಶಾನ್ಯಕ್ಕೆ, ಸ್ವಲ್ಪ ಹತ್ತಿರದಲ್ಲಿ, 1966ರಲ್ಲಿ ಆರಂಭವಾದ ಕಲಬುರಗಿ; ಉತ್ತರಕ್ಕೆ ಮರಾಠಿಯ ಸೊಲ್ಲಾಪುರ. ಮಧ್ಯಮ ತರಂಗ ಹಗಲಿನಲ್ಲಿ ನೆಲವನ್ನು ಹಿಡಿದು ಸಾಗುತ್ತದೆ. ನಮ್ಮ ಎರೆಭೂಮಿಯಲ್ಲಿ ಧಾರವಾಡದ ಮಾತು ಹಗಲು ಸ್ಪಷ್ಟವಾಗಿ ಬರುತ್ತಿತ್ತು. ಇರುಳಾದೊಡನೆ ಅದೇ ತರಂಗ ಮೇಲಣ ವಾತಾವರಣಕ್ಕೆ ತಾಗಿ ಮರಳುವುದರಿಂದ ದೂರದೇಶದ ನಿಲಯಗಳೆಲ್ಲ ಒಳನುಗ್ಗುತ್ತಿದ್ದವು. ವಾರ್ತೆಯ ನಡುವೆ ತಿಳಿಯದ ಭಾಷೆಯ ಹಾಡು ಏರಿಬರುತ್ತಿತ್ತು, ಇಳಿಯುತ್ತಿತ್ತು. ಬಸವಣ್ಣನವರ ಜನ್ಮಸ್ಥಳದಲ್ಲಿ ವಚನಗಾಯನ ಕೇಳಲೂ ಧಾರವಾಡದ ಕಡೆಗೆ ಪೆಟ್ಟಿಗೆಯನ್ನು ತಿರುಗಿಸಿ ಇಡಬೇಕಾಗುತ್ತಿತ್ತು. ವಚನವೆಂದರೆ ಮಾತು, ಆಡಿದ ಮಾತು ಓಲೆಗರಿಯಲ್ಲಿ ನಿಂತು, ಫ. ಗು. ಹಳಕಟ್ಟಿಯವರ ಶ್ರಮದಿಂದ ವಿಜಾಪುರದ ಮುದ್ರಣಾಲಯಕ್ಕೆ ಬಂದು, ಮತ್ತೆ ಬಾನುಲಿಯಲ್ಲಿ ಮಾತಾಯಿತು. ಈ ಪಯಣದ ಕೊನೆಯ ಹಂತವನ್ನು ಯಾವ ವಚನಸಾಹಿತ್ಯ ಚರಿತ್ರೆಯೂ ಮನವಿಟ್ಟು ವಿವರಿಸಿದ್ದನ್ನು ನಾನು ಓದಿಲ್ಲ.

ಮೈಸೂರಿನ ನಿಲಯವನ್ನು ಮುಚ್ಚಿದ್ದು ತಪ್ಪೇ? ಆಡಳಿತದ ದೃಷ್ಟಿಯಿಂದ ಉತ್ತರ ಕೊಡುವುದು ಸುಲಭ. 250 ವ್ಯಾಟ್‌ನ ಯಂತ್ರ ಒಂದು ನಗರಕ್ಕೂ ಅದರ ಸುತ್ತಿನ ಹಳ್ಳಿಗಳಿಗೂ ಸಾಲಬಹುದು, ನಾಡಿಗೆ ಸಾಲದು. ರಾಜಧಾನಿ ಬೆಂಗಳೂರು, ಅಲ್ಲಿಗೆ ದೊಡ್ಡ ಪ್ರೇಷಕ ಬೇಕಿತ್ತು. ಹೆಚ್ಚು ಜನರಿಗೆ ಕೇಳಿಸಲೆಂದೇ ವರ್ಗಾವಣೆ ನಡೆಯಿತೆಂಬ ವಾದವನ್ನು ನಾನು ಅಲ್ಲಗಳೆಯುವುದಿಲ್ಲ. ಅಂಚಿನ ತಾಲೂಕಿನವನಾದ ನನಗೆ ಶಕ್ತಿಯುತ ಪ್ರೇಷಕದ ಬೆಲೆ ಚೆನ್ನಾಗಿ ಗೊತ್ತು. ಆದರೆ ಬೆಂಗಳೂರಿಗೆ ನಿಲಯ ಕೊಡುವುದಕ್ಕೆ ಮೈಸೂರಿನದನ್ನು ತೆಗೆಯಲೇಬೇಕಿತ್ತೆಂಬುದು ಆ ವಾದದಿಂದ ಹೊರಡುವುದಿಲ್ಲ. ನಿಲಯವನ್ನು ಯಂತ್ರವೆಂದು ಎಣಿಸಿದರೆ ವರ್ಗಾವಣೆ ಸರಿ. ಊರಿನ ವಿದ್ವಾಂಸರು, ಗಾಯಕರು, ನಟರು, ಅವರನ್ನು ಬಲ್ಲ ಕೇಳುಗರು ಸೇರಿ ಆದದ್ದು ನಿಲಯವೆಂದು ಎಣಿಸಿದರೆ ಅದನ್ನು ಲಾರಿಯಲ್ಲಿ ಹೇರಿ ಒಯ್ಯಲಾಗದು. ಹತ್ತೊಂಬತ್ತು ವರ್ಷಗಳ ಬಳಿಕ ಮೈಸೂರಿಗೆ ಮತ್ತೆ ನಿಲಯ ಕೊಡಬೇಕಾಗಿ ಬಂದುದೇ ಇದಕ್ಕೆ ಸಾಕ್ಷಿ.

ಮುಚ್ಚಿದ ಒಂದೆರಡು ವರ್ಷಗಳಲ್ಲಿಯೇ ಇನ್ನೊಂದು ಸಂಗತಿ ನಡೆಯಿತು. ಮುಚ್ಚಿಹೋದ ನಿಲಯದ ಹೆಸರನ್ನು ಇಡೀ ದೇಶದ ಬಾನುಲಿ ಸೇವೆ ತನ್ನದಾಗಿಸಿಕೊಂಡಿತು. 2023ರಲ್ಲಿ ‘ಆಲ್ ಇಂಡಿಯಾ ರೇಡಿಯೊ’ ಎಂಬುದನ್ನು ಕೈಬಿಟ್ಟು ‘ಆಕಾಶವಾಣಿ’ ಎಂಬುದೊಂದನ್ನೇ ಬಳಸಬೇಕೆಂದು ಪ್ರಸಾರ ಭಾರತಿ ಸೂಚಿಸಿತು. ಕನ್ನಡಿಗರು ಇದನ್ನು ಹೆಮ್ಮೆಯಿಂದ ಹೇಳಿಕೊಂಡರು, ನಾನೂ ಹೇಳಿಕೊಂಡೆ. ಆದರೆ ಹೆಸರಿನ ಹೆಮ್ಮೆ ಧ್ವನಿಯ ನಷ್ಟವನ್ನು ಮರೆಸಬಾರದು. ಮೊದಲ ಆಕಾಶವಾಣಿ ಪ್ರಭುತ್ವದ ಮಾತಾಗಿರಲಿಲ್ಲ. ಒಬ್ಬ ಮೇಷ್ಟರ ಮನೆಯ ಮಾತಾಗಿತ್ತು. ಕಂಸನಿಗೆ ಕೇಳಿಸಿದ ಬಗೆಯ ಪ್ರಶ್ನಾತೀತ ವಾಣಿ ಅದಾಗಿರಲಿಲ್ಲ. ನೆರೆಹೊರೆಯವರು ಮರುದಿನ ಬಂದು ಮುಖಕ್ಕೇ ಅಭಿಪ್ರಾಯ ಹೇಳಬಹುದಾಗಿದ್ದ ವಾಣಿ. ಹೆಸರು ದೇಶವನ್ನು ವ್ಯಾಪಿಸಿದಾಗ ಈ ಗುಣ ಜೊತೆಗೆ ಹೋಗಲಿಲ್ಲ.

ಸಾಹಿತ್ಯ ಚರಿತ್ರಕಾರನನ್ನು ಹೆಚ್ಚು ಬಾಧಿಸಬೇಕಾದದ್ದು ದಾಖಲೆಯ ಪ್ರಶ್ನೆ. ಹತ್ತನೆಯ ಶತಮಾನದ ಕೊನೆಯಲ್ಲಿ ಅತ್ತಿಮಬ್ಬೆ ಪೊನ್ನನ ಶಾಂತಿಪುರಾಣದ ಸಾವಿರ ಪ್ರತಿಗಳನ್ನು ಮಾಡಿಸಿ ಹಂಚಿದಳೆಂದು ನಾವು ಪಾಠ ಹೇಳುತ್ತೇವೆ. ಅದನ್ನು ಆಕೆಯ ಔದಾರ್ಯವೆಂದಷ್ಟೇ ವರ್ಣಿಸಿ ನಿಲ್ಲುತ್ತೇವೆ. ಅದರ ಹಿಂದಿದ್ದ ತಿಳಿವಳಿಕೆ ಇನ್ನೂ ದೊಡ್ಡದು. ಓಲೆ ಹುಳು ಹಿಡಿಯುತ್ತದೆ, ಮುರಿಯುತ್ತದೆ. ಪ್ರತಿಯಾಗದ ಕೃತಿ ಇಲ್ಲವಾಗುತ್ತದೆ. ಆದ್ದರಿಂದಲೇ ಪ್ರತಿ ಮಾಡಿಸುವುದನ್ನು ಶಾಸ್ತ್ರದಾನವೆಂದು, ಆಹಾರ, ಔಷಧ, ಅಭಯದಾನಗಳಿಗೆ ಸಮನಾದ ಕರ್ತವ್ಯವೆಂದು ಆ ಸಮಾಜ ಎಣಿಸಿತು. ಸಾವಿರ ವರ್ಷಗಳ ಹಿಂದಿನ ಆ ಎಚ್ಚರ ಎಪ್ಪತ್ತು ವರ್ಷಗಳ ಹಿಂದಿನ ನಮಗಿರಲಿಲ್ಲ. ಆರಂಭಕಾಲದ ಪ್ರಸಾರವೆಲ್ಲ ಬಹುಮಟ್ಟಿಗೆ ನೇರ ಪ್ರಸಾರ. ಆಡಿದ ಮಾತು ಆಡಿದ ಕ್ಷಣದಲ್ಲೇ ಕರಗುತ್ತಿತ್ತು. ಧ್ವನಿಸುರುಳಿ ಬಂದ ಮೇಲೂ ಹಳೆಯದನ್ನು ಅಳಿಸಿ ಅದರ ಮೇಲೆಯೇ ಹೊಸದನ್ನು ಮುದ್ರಿಸುವುದು ನಿಲಯಗಳ ಸಾಮಾನ್ಯ ರೂಢಿಯಾಗಿತ್ತು. ಸುರುಳಿ ದುಬಾರಿ, ಮಾತು ಅಗ್ಗ. ಒಡೆದ ಶಾಸನದ ಒಂದು ತುಂಡಿಗಾಗಿ ಬಿಸಿಲಿನಲ್ಲಿ ಹೊಲ ಹೊಲ ಅಲೆಯುವ ನಾವು ಇದರ ಬಗೆಗೆ ಮರುಗಿದ್ದು ಕಡಿಮೆ.

ಇದನ್ನು ಬರೆಯುವ ಅಧಿಕಾರ ನನಗೆಷ್ಟು ಎಂಬ ಪ್ರಶ್ನೆಯೂ ಇದೆ. ನಮ್ಮ ಅಜ್ಜ ಬಾನುಲಿಯ ಭಕ್ತರು. ಅಂಚೆ ಕಚೇರಿಗೆ ವರ್ಷಂಪ್ರತಿ ಹಣ ಕಟ್ಟಿ ನವೀಕರಿಸುತ್ತಿದ್ದ ಲೈಸೆನ್ಸಿನ ಪುಸ್ತಿಕೆಯನ್ನು ಪಂಚಾಂಗದ ಜೊತೆ ಇಡುತ್ತಿದ್ದರು. ಶಾಲೆಯ ನೋಟಬುಕ್ಕುಗಳಲ್ಲಿ ದಿನಾಂಕ ಹಾಕಿ, ಆ ದಿನ ಧಾರವಾಡದಿಂದ ಕೇಳಿದ ಭಾಷಣದ ವಿಷಯ, ಭಾಷಣಕಾರರ ಹೆಸರು, ಹಿಡಿಸಿದ ಒಂದೆರಡು ಮಾತು ಗುರುತುಹಾಕುತ್ತಿದ್ದರು. ಕೆಲವೆಡೆ ‘ಕೇಳಿಸಲಿಲ್ಲ’ ಎಂದೂ ಬರೆದಿದ್ದರು. ಅವರು ತೀರಿಕೊಂಡ ಮೇಲೆ ಮನೆ ಸುಣ್ಣಬಣ್ಣ ಕಾಣುವಾಗ ಆ ನೋಟಬುಕ್ಕುಗಳನ್ನು ರದ್ದಿಗೆ ಹಾಕಿದವನು ನಾನೇ. ಆಗ ನಾನು ಹಳಗನ್ನಡದಲ್ಲಿ ಸ್ನಾತಕೋತ್ತರ ಪದವಿಗೆ ಓದುತ್ತಿದ್ದೆ. ಹಸ್ತಪ್ರತಿಶಾಸ್ತ್ರದ ಪತ್ರಿಕೆಯಲ್ಲಿ ಒಳ್ಳೆಯ ಅಂಕಗಳು ಬಂದಿದ್ದವು. ಕೈಯಲ್ಲಿ ಹಿಡಿದಿದ್ದುದೂ ಒಂದು ಹಸ್ತಪ್ರತಿಯೆಂದು ನನಗೆ ಹೊಳೆಯಲಿಲ್ಲ. ನಿಲಯ ಅಳಿಸಿದ್ದನ್ನು ಕೇಳುಗನೊಬ್ಬ ಉಳಿಸಿದ್ದ. ಅದನ್ನು ಕಲಿತವನೊಬ್ಬ ತೂಕಕ್ಕೆ ಮಾರಿದ.

ಆದಕಾರಣ ಸಂಶೋಧನೆಗೆ ವಿಷಯ ಹುಡುಕುತ್ತಿರುವ ವಿದ್ಯಾರ್ಥಿಗಳಲ್ಲಿ ನನ್ನದೊಂದು ವಿನಂತಿ. ಈಗಾಗಲೇ ನೂರು ಪ್ರಬಂಧಗಳಾದ ಕಾದಂಬರಿಯ ಮೇಲೆ ನೂರೊಂದನೆಯದನ್ನು ಬರೆಯುವ ಮೊದಲು ನಿಮ್ಮ ತಾಲೂಕಿನ ಕೇಳುವಿಕೆಯ ಚರಿತ್ರೆಯನ್ನು ಬರೆಯಿರಿ. ಆಕರಗಳು ಇನ್ನೂ ಇವೆ. ನಿಲಯಗಳು ಲೇಖಕರಿಗೂ ಕಲಾವಿದರಿಗೂ ಕಳುಹಿಸಿದ ಕರಾರುಪತ್ರಗಳು ಅವರ ಮನೆಗಳ ಪೆಟ್ಟಿಗೆಗಳಲ್ಲಿವೆ. ಯಾವ ದಿನ, ಯಾವ ವೇಳೆ, ಯಾವ ವಿಷಯ, ಎಷ್ಟು ಸಂಭಾವನೆ ಎಂಬುದನ್ನು ಅವು ತಿಳಿಸುತ್ತವೆ. ಭಾಷಣಗಳ ಲಿಖಿತ ಪ್ರತಿಗಳು, ತಿದ್ದುಪಡಿಗಳ ಸಮೇತ, ಅನೇಕ ಕಡೆ ಉಳಿದಿವೆ. ಅವುಗಳನ್ನು ಆಮೇಲೆ ಅಚ್ಚಾದ ಪ್ರಬಂಧಗಳೊಡನೆ ಹೋಲಿಸಿದರೆ ಕಿವಿಗೆ ಬರೆದದ್ದು ಕಣ್ಣಿಗೆ ಹೇಗೆ ಬದಲಾಯಿತೆಂಬುದು ಪಾಠಾಂತರಗಳ ಮೂಲಕವೇ ಕಾಣುತ್ತದೆ. ಲೈಸೆನ್ಸಿನ ಪುಸ್ತಿಕೆಗಳಿಂದ ಊರಿಗೆ ಯಂತ್ರ ಬಂದ ಕಾಲ ನಿರ್ಣಯವಾಗುತ್ತದೆ. ಎಲ್ಲಕ್ಕಿಂತ ಮುಖ್ಯವಾದದ್ದು ಎಂಬತ್ತು ದಾಟಿದ ಕೇಳುಗರ ನೆನಪು. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಾಗೇವಾಡಿಗಳಲ್ಲಿ ಅಂಥವರು ಇನ್ನೂ ಇದ್ದಾರೆ. ಈ ಆಕರಕ್ಕೆ ಮಾತ್ರ ಗಡುವು ಹತ್ತಿರವಿದೆ.

ಮೈಸೂರಿನ ಮೊದಲ ನಿಲಯ ಏಕಾಂಗಿ ಉದಾಹರಣೆಯಾಗಿಯೂ ಉಳಿಯಲಾರದು. ಈ ದಶಕದಲ್ಲಿ ದೇಶದ ಹಲವು ಮಧ್ಯಮ ತರಂಗ ಪ್ರೇಷಕಗಳು ಒಂದೊಂದಾಗಿ ಮೌನವಾಗಿವೆ. ಎಫ್‌.ಎಂ. ಸ್ಪಷ್ಟವಾಗಿದೆ, ವಿಜಯಪುರದಲ್ಲಿಯೇ ನಿಲಯವಿದೆ, ಕೈಯಲ್ಲಿರುವ ದೂರವಾಣಿಯಲ್ಲಿ ಎಲ್ಲ ನಿಲಯಗಳೂ ಸಿಗುತ್ತವೆ ಎಂಬುದು ನಿಜ. ಹಳೆಯ ಯಂತ್ರಗಳನ್ನು ಉಳಿಸಿರೆಂದು ನಾನು ವಾದಿಸುವುದಿಲ್ಲ. ಒಂದು ಯಂತ್ರವನ್ನು ನಿಲ್ಲಿಸುವ ಮುನ್ನ ಅದರ ಮೂಲಕ ಹರಿದ ಮಾತಿನ ಲೆಕ್ಕವನ್ನಾದರೂ ಬರೆದಿಡಬೇಕು. 1955ರಲ್ಲಿ ಮಾಡದ ಕೆಲಸವದು. ಮಧ್ಯಮ ತರಂಗದ ಕಾಲ ಮುಗಿಯುವ ಈ ಹೊತ್ತಿನಲ್ಲಾದರೂ ಯಾರಾದರೂ ಮಾಡಿದರೆ, ಅವರ ಪ್ರಬಂಧದ ಮೊದಲ ಓದುಗ ನಾನಾಗುತ್ತೇನೆ. ಅಜ್ಜನ ನೋಟಬುಕ್ಕಿನ ಯಾವುದಾದರೂ ಒಂದು ದಿನಾಂಕ ಅದರಲ್ಲಿ ಸಿಕ್ಕೀತೇ ಎಂದು ಹುಡುಕುತ್ತೇನೆ.